ಭಾವ ‘ಒಪ್ಪುವುದಿಲ್ಲ’ ಒತ್ತಿದ ವಾರ

ನನ್ನ ಭಾವ ಒಳ್ಳೆಯವರು. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಮುಂದೆ ಹೇಳಲು ಸಂದರ್ಭ ಸಿಗುತ್ತದೋ ಇಲ್ಲವೋ. ಕುಡಿಯುವುದಿಲ್ಲ, ಸುಳ್ಳು ಹೇಳುವುದಿಲ್ಲ, ಯಾರ ಮುಂದೆಯೂ ಕೈ ಚಾಚಿದವರಲ್ಲ. ಆದರೆ ಅವರೊಂದಿಗೆ ಒಂದು ಗಂಟೆ ಕೂತು ಎದ್ದ ಮೇಲೆ ನಿಮಗೆ ಗೋಡೆಗೆ ತಲೆ ಚಚ್ಚಿಕೊಳ್ಳಬೇಕು ಅನ್ನಿಸದಿದ್ದರೆ ಆಗ ನನ್ನನ್ನು ಕೇಳಿ.

ಅವರು ನೋಂದಣಿ ಕಚೇರಿಯಲ್ಲಿ ಮೂವತ್ತಮೂರು ವರ್ಷ ದಾಖಲೆ ಪರಿಶೀಲಿಸುವ ಕೆಲಸ ಮಾಡಿದವರು. ಜನ ಮನೆ ಪತ್ರ, ಪಾಲು ಪತ್ರ, ಬಾಡಿಗೆ ಕರಾರು ಎಂದು ತಂದುಕೊಟ್ಟರೆ ಇವರು ಕೆಂಪು ಪೆನ್ನು ಹಿಡಿದು ಓದುತ್ತಿದ್ದರು. ತಪ್ಪು ಸಿಕ್ಕರೆ ‘ಆಕ್ಷೇಪಣೆ ಇದೆ’ ಎಂಬ ಮೊಹರು ಬೀಳುತ್ತಿತ್ತು. ತಪ್ಪು ಸಿಗದಿದ್ದರೆ ಮತ್ತೊಮ್ಮೆ ಓದುತ್ತಿದ್ದರು, ಆಗ ಸಿಗುತ್ತಿತ್ತು. ಕಚೇರಿಯಲ್ಲಿ ಅವರಿಗೆ ‘ಆಕ್ಷೇಪಣೆ ಸಾಹೇಬರು’ ಎಂದೇ ಹೆಸರು. ನಿವೃತ್ತಿಯ ದಿನ ಸಹೋದ್ಯೋಗಿಗಳು ಚೌಕಟ್ಟು ಹಾಕಿಸಿ ಕೊಟ್ಟ ಬೀಳ್ಕೊಡುಗೆ ಪತ್ರದಲ್ಲಿ ವೇದಿಕೆಯ ಮೇಲೆಯೇ ಎರಡು ತಪ್ಪು ಹಿಡಿದು, ತಿದ್ದಿ ತನ್ನಿ ಎಂದು ವಾಪಸ್ ಕೊಟ್ಟರು. ಅವರು ತಿದ್ದಿ ತರಲಿಲ್ಲ. ನಾನಾಗಿದ್ದರೂ ತರುತ್ತಿರಲಿಲ್ಲ.

ನಿವೃತ್ತಿಯಾದ ಮೇಲೆ ಕಚೇರಿಯೇ ಮನೆಗೆ ಬಂತು. ನಾನಿರುವುದು ಅವರ ಮನೆಯ ಮೇಲಿನ ಕೋಣೆಯಲ್ಲಿ, ಬಟ್ಟೆ ಹೊಲಿಯುವುದು ನನ್ನ ಕಸುಬು. ಮಷೀನಿನ ಗಡಗಡ ನಿಂತ ಕೂಡಲೇ ಕೆಳಗಿನ ವಿಚಾರಣೆ ಕಿವಿಗೆ ಬೀಳುತ್ತದೆ. ಅಕ್ಕ ಏನೋ ಹೇಳಲು ಹೊರಡುತ್ತಾಳೆ, “ಮಂಗಳವಾರ ಆ ಎದುರುಮನೆಯವಳು ಸಿಕ್ಕಿದ್ಲು ರೀ, ಪಾಪ ಅವಳ…” ಅನ್ನುವಷ್ಟರಲ್ಲಿ ಭಾವ, “ಮಂಗಳವಾರ ಅಲ್ಲ, ಬುಧವಾರ. ಮಂಗಳವಾರ ನೀನು ಆಚೆಗೇ ಹೋಗಿಲ್ಲ” ಅನ್ನುತ್ತಾರೆ. ಮಂಗಳವಾರವೋ ಬುಧವಾರವೋ ತೀರ್ಮಾನವಾಗುವ ಹೊತ್ತಿಗೆ ಎದುರುಮನೆಯವಳ ಸಂಕಟ ಗಾಳಿಗೆ ಹೋಗಿರುತ್ತದೆ. ಮೂವತ್ತೊಂದು ವರ್ಷದ ಸಂಸಾರದಲ್ಲಿ ಅಕ್ಕ ಪೂರ್ತಿ ಮುಗಿಸಿದ ಮಾತುಗಳನ್ನು ನಾನು ಕೈಬೆರಳಲ್ಲಿ ಎಣಿಸಿಬಿಡುತ್ತೇನೆ.

ಇದೇ ಅಕ್ಕ ಮದುವೆಗೆ ಮುಂಚೆ ಹೇಗಿದ್ದಳು ಗೊತ್ತೇ? ಅಪ್ಪನಿಗೆ ಕಣ್ಣು ಪೂರಾ ಹೋದಾಗ ದಿನಾ ಮಧ್ಯಾಹ್ನ ಅವಳೇ ಕೂತು ಪುಸ್ತಕ ಓದಿ ಹೇಳುತ್ತಿದ್ದಳು. ಎಂಟು ವರ್ಷ ಓದಿದಳು. ನಾನು ಪಕ್ಕದಲ್ಲಿ ಗುಂಡಿ ಹೊಲಿಯುತ್ತಾ ಕೇಳುತ್ತಿದ್ದೆ. ಅವಳು ಪುಟ ಮಗುಚುವಾಗ ಅಪ್ಪ ಉಸಿರು ಬಿಗಿಹಿಡಿದು ಕಾಯುತ್ತಿದ್ದರು. ಅಪ್ಪ ಹೋದರು, ಇವಳಿಗೆ ಮದುವೆಯಾಯಿತು, ಓದು ನಿಂತಿತು.

ಹೀಗಿರುವಾಗ ದೃಷ್ಟಿಹೀನರ ಗ್ರಂಥಾಲಯವೊಂದು ಪುಸ್ತಕಗಳನ್ನು ಓದಿ ಧ್ವನಿಮುದ್ರಿಸಿಕೊಡುವವರು ಬೇಕಾಗಿದ್ದಾರೆ ಎಂದು ಪತ್ರಿಕೆಯಲ್ಲಿ ಪ್ರಕಟಿಸಿತು. ಅಕ್ಕ ನಮ್ಮಿಬ್ಬರಿಗೂ ಹೇಳದೆ ಪತ್ರ ಬರೆದುಬಿಟ್ಟಿದ್ದಳು. ಅವರು ಹನ್ನೆರಡು ಪುಟದ ಒಂದು ಕಥೆ ಕಳಿಸಿ, ಮನೆಯ ಕಂಪ್ಯೂಟರಿನಲ್ಲೇ ಓದಿ ಧ್ವನಿಮುದ್ರಿಸಿ ಶನಿವಾರ ಸಂಜೆ ಐದು ಗಂಟೆಯೊಳಗೆ ಕಳುಹಿಸಿ, ತಡವಾಗಿ ಬಂದದ್ದನ್ನು ಕೇಳುವುದಿಲ್ಲ ಎಂದು ತಿಳಿಸಿದ್ದರು. ಅಕ್ಕ ಆ ಹಾಳೆಗಳನ್ನು ನನ್ನ ಕೋಣೆಗೆ ತಂದು ತೋರಿಸಿದಳು. “ನನಗೆ ಇದು ಬೇಕು ಕಣೇ” ಅಂದಳು. ಅವಳ ಬಾಯಲ್ಲಿ ‘ಬೇಕು’ ಎಂಬ ಮಾತು ಕೇಳಿ ಎಷ್ಟು ವರ್ಷವಾಗಿತ್ತೋ!

ಕಂಪ್ಯೂಟರೇನೋ ಮನೆಯಲ್ಲಿತ್ತು, ಆದರೆ ಅದು ಮೂಗ. ಒಳಗಿನ ಧ್ವನಿ ಭಾಗ ಕೆಟ್ಟು ವರ್ಷವಾಗಿತ್ತು. ಸೋಮವಾರ ಬೆಳಿಗ್ಗೆ ರಿಪೇರಿಯವರು ಬಂದು, ಪೆಟ್ಟಿಗೆ ಬಿಚ್ಚಿ, ಧೂಳು ಊದಿ, ಹೊಸ ಸೌಂಡ್ ಕಾರ್ಡ್ ಕೂರಿಸಿದರು. ಒಂದು ಸಿ.ಡಿ. ತೋರಿಸಿ, “ಇದರಲ್ಲಿ ಡ್ರೈವರ್ ಇದೆ ಸಾರ್. ಇದನ್ನ ಹಾಕಿದ್ರೇನೇ ಕಾರ್ಡ್ ಬಂದಿದೆ ಅಂತ ಕಂಪ್ಯೂಟರಿಗೆ ಗೊತ್ತಾಗೋದು. ಐದು ನಿಮಿಷ, ಹಾಕ್ಕೊಟ್ಟು ಹೋಗ್ತೀನಿ” ಅಂದರು.

ಭಾವ ಕೈ ಅಡ್ಡ ಹಿಡಿದರು. “ಬೇಡ. ಹಿಂದೆ ಮುಂದೆ ನೋಡದೆ ಟಕಟಕ ಒತ್ತಿಬಿಡ್ತೀರಿ ನೀವೆಲ್ಲ. ನಾನು ಓದಿ ಹಾಕ್ತೀನಿ.”

“ಓದೋಕೆ ಏನಿರುತ್ತೆ ಸಾರ್ ಅದರಲ್ಲಿ?”

“ಏನಿರುತ್ತೆ ಅಂತ ಗೊತ್ತಾಗೋದು ಓದಿದ ಮೇಲೆ ತಾನೇ?”

ರಿಪೇರಿಯವರು ನನ್ನ ಮುಖ ನೋಡಿದರು. ನಾನು ಮೇಲೆ ಸೂರು ನೋಡಿದೆ. ಸಿ.ಡಿ. ಭಾವನ ಕೈಗೆ ಹೋಯಿತು.

ಹಾಕಿದ ಕೂಡಲೇ ಪರದೆಯ ಮೇಲೆ ಒಂದು ಒಪ್ಪಂದ ಬಂತು. ಭೂಮಿಯ ಮೇಲೆ ಕಂಪ್ಯೂಟರ್ ಇಟ್ಟುಕೊಂಡವರೆಲ್ಲ ಅದನ್ನು ಓದದೆ ಕೆಳಗೆ ಸರಿಸಿ ‘ಒಪ್ಪುತ್ತೇನೆ’ ಎಂದು ಒತ್ತುತ್ತಾರೆ. ಭಾವ ಕನ್ನಡಕ ಒರೆಸಿಕೊಂಡು, ಕೆಂಪು ಪೆನ್ನು ತಂದು, ಕುರ್ಚಿ ಎಳೆದುಕೊಂಡು ಕೂತರು. ಸೋಮವಾರ ಸಂಜೆಯವರೆಗೆ ಏಳು ಕಲಮುಗಳಾದವು. ಮಂಗಳವಾರ ಹದಿನಾಲ್ಕನೆಯ ಕಲಮಿಗೆ ಬಂದು ಭಾವ ಮೇಜು ಕುಟ್ಟಿದರು.

“ನೋಡಿಲ್ಲಿ! ಈ ಡ್ರೈವರಿನಿಂದ ಏನೇ ನಷ್ಟ ಆದ್ರೂ ಕಂಪನಿ ಜವಾಬ್ದಾರಿ ಅಲ್ವಂತೆ. ಮಾಡಿದೋರು ಅವರು, ಜವಾಬ್ದಾರಿ ಮಾತ್ರ ನಮ್ದಾ? ನಾನು ಒಪ್ಪಲ್ಲ.”

“ಭಾವ, ಅದನ್ನ ಯಾರೂ ಒಪ್ಪಿ ಒತ್ತಲ್ಲ. ಸುಮ್ನೆ ಒತ್ತೋದು” ಅಂದೆ.

“ಒಪ್ಪದೇ ಇರೋದನ್ನ ಒಪ್ಪಿದೀನಿ ಅನ್ನೋದಾ? ಮೂವತ್ತಮೂರು ವರ್ಷದಲ್ಲಿ ನಾನು ಒಂದು ಸುಳ್ಳು ರುಜು ಹಾಕಿಲ್ಲಮ್ಮ” ಎಂದು ಹೇಳಿ ‘ಒಪ್ಪುವುದಿಲ್ಲ’ ಎಂಬುದನ್ನು ಒತ್ತಿದರು. ಕಿಟಕಿ ಮುಚ್ಚಿಕೊಂಡಿತು. ಭಾವನ ಮುಖದಲ್ಲಿ ಗೆದ್ದ ಕಳೆ. ಸಿ.ಡಿ.ಯನ್ನು ತೆಗೆದು ಮತ್ತೆ ಹಾಕಿದರು. ಅದೇ ಒಪ್ಪಂದ ಬಂತು, ಇವರು ಮತ್ತೆ ‘ಒಪ್ಪುವುದಿಲ್ಲ’ ಒತ್ತಿದರು. ಆವತ್ತು ಒಂಬತ್ತು ಸಲ ಒತ್ತಿದ್ದಾರೆ, ನಾನೇ ಲೆಕ್ಕ ಇಟ್ಟೆ.

“ಯಾಕೆ ಭಾವ ಮತ್ತೆ ಮತ್ತೆ?”

“ಪಟ್ಟು ಹಿಡಿದ್ರೆ ಅವರೇ ದಾರಿಗೆ ಬರ್ತಾರೆ. ನಮ್ಮ ಕಚೇರೀಲಿ ಎಂತೆಂಥವ್ರು ಬಂದಿಲ್ಲ?”

ಕಚೇರಿಯ ಮೆಟ್ಟಿಲ ಮೇಲೆ ಕೂತವರಾದರೆ ಹಸಿದು, ಸುಸ್ತಾಗಿ, ತಿದ್ದಿ ತರುತ್ತಿದ್ದರು. ಸಿ.ಡಿ.ಗೆ ಹಸಿವೇ? ಬುಧವಾರ ಅದಕ್ಕೂ ಇವರಿಗೂ ಮತ್ತೆ ಇಡೀ ದಿನ ಜಟಾಪಟಿ ನಡೆಯಿತು. ಗುರುವಾರ ಭಾವ ಸಿ.ಡಿ.ಯ ಹೊದಿಕೆಯ ಮೇಲಿದ್ದ ಕಂಪನಿಯ ವಿಳಾಸ ನೋಡಿ ಮೂರು ಪುಟದ ಆಕ್ಷೇಪಣಾ ಪತ್ರ ಬರೆದು, ಹದಿನಾಲ್ಕನೆಯ ಕಲಮನ್ನು ತಿದ್ದಿ ಹೊಸ ಸಿ.ಡಿ. ಕಳುಹಿಸತಕ್ಕದ್ದು ಎಂದು ರಿಜಿಸ್ಟರ್ಡ್ ಅಂಚೆಯಲ್ಲಿ ಕಳಿಸಿ ಬಂದರು.

ಅಕ್ಕ ಅಷ್ಟು ದಿನವೂ ಅಡುಗೆಮನೆಯಲ್ಲಿ ಆ ಹನ್ನೆರಡು ಪುಟಗಳನ್ನು ತುಟಿ ಅಲ್ಲಾಡಿಸುತ್ತಾ ಓದಿಕೊಳ್ಳುತ್ತಿದ್ದಳು. ಶುಕ್ರವಾರ ಮೆಲ್ಲಗೆ, “ರೀ, ನಾಳೆ ಐದು ಗಂಟೆಗೆ…” ಅಂದಳು.

“ಗೊತ್ತು. ಆದರೆ ಕಂಪನಿಯಿಂದ ಉತ್ತರ ಬರ್ಬೇಕಲ್ಲ?”

“ಅದು ಬರದೇ ಇದ್ರೆ?”

“ಬರದೇ ಇದ್ರೆ ನೆನಪೋಲೆ ಕಳಿಸೋದು. ಅದಕ್ಕೊಂದು ಕ್ರಮ ಇದೆ.”

ನನಗೆ ಮೈಯೆಲ್ಲ ಉರಿದುಹೋಯಿತು. “ಭಾವ, ನಿಮ್ಮ ಕ್ರಮಕ್ಕಿಷ್ಟು ಬೆಂಕಿ ಹಾಕ! ಅವಳ ಕಷ್ಟ ಕಾಣಲ್ವಾ ನಿಮಗೆ?” ಎಂದೆ. ಅವರು ಸಿಟ್ಟಾಗಲಿಲ್ಲ. “ಅವಳಿಗೋಸ್ಕರಾನೇ ಅಲ್ವೇನಮ್ಮ ನಾನು ಇಷ್ಟು ಒದ್ದಾಡ್ತಿರೋದು?” ಅಂದರು. ನಿಜವಾಗಿಯೂ ಹಾಗೆಂದೇ ನಂಬಿದ್ದರು. ಇಂಥವರನ್ನು ಇಟ್ಟುಕೊಂಡು ಏನು ಮಾಡುವುದು ಹೇಳಿ!

ಶನಿವಾರ ಊಟ ಮುಗಿಸಿ ಭಾವ ನೆನಪೋಲೆ ಹಿಡಿದು ಅಂಚೆ ಕಚೇರಿಗೆ ಹೊರಟರು. ಅವರ ಚಪ್ಪಲಿ ಸದ್ದು ಬೀದಿಯ ತಿರುವು ದಾಟಿದ್ದೇ ತಡ, ಅಕ್ಕ ಕೈ ಒರೆಸಿಕೊಂಡು ಕಂಪ್ಯೂಟರಿನ ಮುಂದೆ ಬಂದು ಕೂತಳು. ಸಿ.ಡಿ. ಹಾಕಿದಳು. ಒಪ್ಪಂದ ಬಂತು. ಅವಳು ಒಂದು ಅಕ್ಷರವನ್ನೂ ಓದದೆ ‘ಒಪ್ಪುತ್ತೇನೆ’ ಎಂದು ಒತ್ತಿಬಿಟ್ಟಳು.

“ಏನಿದೆ ಅಂತ ನೋಡ್ಲೇ ಇಲ್ಲ?” ಎಂದು ಕೀಟಲೆ ಮಾಡಿದೆ.

“ನನ್ನ ಮದುವೇಲಿ ಯಾರಾದ್ರೂ ಓದೋಕೆ ಕೊಟ್ಟಿದ್ರಾ?” ಅಂದಳು.

ಇಬ್ಬರೂ ಹೊಟ್ಟೆ ಹಿಡಿದುಕೊಂಡು ನಕ್ಕೆವು. ಆಮೇಲೆ ಕೆಲಸಕ್ಕೆ ಇಳಿದೆವು. ಹಳೆಯ ಡ್ರೈವರ್ ತೆಗೆಯಲೇ ಎಂದು ಕೇಳಿತು, ತೆಗೆ ಅಂದೆವು. ಕಂಪ್ಯೂಟರನ್ನು ಆರಿಸಿ ಮತ್ತೆ ಹಚ್ಚಬೇಕು ಎಂದಿತು, ಹಾಗೇ ಮಾಡಿದೆವು. ಸ್ಪೀಕರ್ ಚಿತ್ರದ ಮೇಲಿದ್ದ ಕೆಂಪು ಗುರುತು ಮಾಯವಾಯಿತು. ಸ್ಪೀಕರಿನಿಂದ ಟಿಣ್ ಎಂದು ಸದ್ದು ಬಂದಾಗ ಅಕ್ಕ ನನ್ನ ತೋಳು ಹಿಡಿದುಕೊಂಡಳು. ಆದರೆ ರಿಪೇರಿಯವರು ಕೊಟ್ಟುಹೋಗಿದ್ದ ಮೈಕನ್ನು ಸಿಕ್ಕಿಸಿ ಮಾತಾಡಿದರೆ ಏನೂ ದಾಖಲಾಗಲಿಲ್ಲ. ರಿಪೇರಿಯವರಿಗೆ ಫೋನ್ ಮಾಡಿದೆ.

“ಮೈಕ್ ವೈರು ಹಿಂದಿನ ಗುಲಾಬಿ ತೂತಿನಲ್ಲಿ ಇದೆಯಾ ನೋಡಿ” ಅಂದರು.

ಇರಲಿಲ್ಲ. ಸ್ಪೀಕರಿನ ಹಸಿರು ತೂತಿನ ಪಕ್ಕದ ಇನ್ನಾವುದೋ ತೂತಿನಲ್ಲಿತ್ತು. ಬದಲಾಯಿಸಿದೆ. ಧ್ವನಿ ತೆಗೆದುಕೊಳ್ಳುವ ಸಾಧನಗಳ ಪಟ್ಟಿಯಲ್ಲಿ ಇನ್ನೂ ಹಳೆಯ ಕೆಟ್ಟ ಭಾಗವೇ ಮೊದಲಿತ್ತು. ಅದನ್ನು ಬಿಡಿಸಿ ಹೊಸ ಕಾರ್ಡನ್ನು ಆರಿಸಿದೆವು. ಅಕ್ಕ ಕೆಮ್ಮಿದಳು. ಪರದೆಯ ಮೇಲೆ ಹಸಿರು ಪಟ್ಟಿ ಚಂಗನೆ ಮೇಲೆ ಹಾರಿತು. ಒಟ್ಟು ಹದಿನೆಂಟು ನಿಮಿಷ ಹಿಡಿದಿತ್ತು, ಅದರಲ್ಲಿ ನಾಲ್ಕು ನಿಮಿಷ ನಕ್ಕಿದ್ದು.

ಅಕ್ಕ ಸೆರಗು ಸರಿಮಾಡಿಕೊಂಡು, ನೀರು ಕುಡಿದು, ಧ್ವನಿಮುದ್ರಣದ ಗುಂಡಿ ಒತ್ತಿ ಓದಲು ಶುರುಮಾಡಿದಳು. “ಅಂಚೆಯವನು ಮೂರು ಸಲ ಬಾಗಿಲು ತಟ್ಟಿದ…” ಅಷ್ಟರಲ್ಲಿ ನಿಜವಾಗಿಯೂ ಬಾಗಿಲು ದಡಾರನೆ ತೆರೆದು ಭಾವ ಒಳಗೆ ಬಂದರು. ಅಂಚೆ ಕಚೇರಿ ಅರ್ಧ ದಿನ ಮಾತ್ರ ಎಂಬುದು ಅಲ್ಲಿಗೆ ಹೋದ ಮೇಲೆ ತಿಳಿದಿತ್ತು. ನಾನು ಸುಮ್ಮನಿರಿ ಎಂದು ಸನ್ನೆ ಮಾಡಿದೆ.

“ಯಾಕೆ ಸನ್ನೆ? ಅದಿನ್ನೂ ಕೆಲಸ ಮಾಡಲ್ಲ. ಒಪ್ಪಂದಾನೇ ಆಗಿಲ್ಲ” ಅಂದರು.

ಅಕ್ಕ ಅವರ ಕಡೆ ತಿರುಗಲೂ ಇಲ್ಲ. ಮೊದಲ ಸಾಲಿನಿಂದ ಮತ್ತೆ ಶುರುಮಾಡಿದಳು. ಭಾವ, ಇಷ್ಟು ಹತ್ತಿರ ಕೂತರೆ ಕಣ್ಣು ಹಾಳಾಗುತ್ತದೆ ಅಂದರು. ಅವಳು ಮತ್ತೆ ಶುರುಮಾಡಿದಳು. ‘ತಟ್ಟಿದ’ ಅನ್ನುವಲ್ಲಿ ಒತ್ತು ಜಾಸ್ತಿಯಾಯಿತು ಅಂದರು. ಮತ್ತೆ ಶುರುಮಾಡಿದಳು. ಮೂರು ಸಲ ತಟ್ಟುವ ಅಂಚೆಯವನು ಎಲ್ಲಿದ್ದಾನೆ, ನಮ್ಮವನು ಒಂದೇ ಸಲ ತಟ್ಟಿ ಓಡಿಹೋಗುತ್ತಾನೆ, ಬರೆದವನಿಗೆ ತಿಳಿವಳಿಕೆ ಇಲ್ಲ ಅಂದರು. ಹೀಗೆ ಏಳು ಸಲವಾಯಿತು. ನಾನು ಹಲ್ಲು ಕಚ್ಚಿಕೊಂಡು ನಿಂತಿದ್ದೆ. ಗಡಿಯಾರ ಮೂರು ದಾಟಿತ್ತು. ಏಳನೆಯ ಸಲ ಅಕ್ಕ, ಅಲ್ಲಿಯವರೆಗೂ ನಡೆದೇ ಇದ್ದ ಧ್ವನಿಮುದ್ರಣವನ್ನು ನಿಲ್ಲಿಸಿ, ಮುದ್ರಿತವಾದದ್ದನ್ನು ಮೊದಲಿನಿಂದ ಹಚ್ಚಿದಳು.

ಸ್ಪೀಕರಿನಲ್ಲಿ ಅಕ್ಕನ ದನಿ ಬಂತು. ಅಯ್ಯೋ, ಅದೇ ದನಿ! ಒಂದು ಎಳೆಯೂ ಬದಲಾಗಿರಲಿಲ್ಲ. ಅಪ್ಪ ನೆನಪಾಗಿ ನನ್ನ ಕಣ್ಣು ತುಂಬಿತು. ಭಾವ ಬೆರಗಾಗಿ ನಿಂತರು. ಮೆಲ್ಲಗೆ ಕುರ್ಚಿಯಲ್ಲಿ ಕೂತು ಕಿವಿಗೊಟ್ಟರು. ಅವರು ಅವಳ ಓದು ಕೇಳುತ್ತಿದ್ದುದು ಅದೇ ಮೊದಲು. ಅಷ್ಟರಲ್ಲಿ ಇನ್ನೊಂದು ದನಿ ಅಡ್ಡ ಬಂತು, ಗಟ್ಟಿಯಾದ, ಕೊರೆಯುವ ಗಂಡು ದನಿ. ಅಕ್ಕನ ದನಿ ನಿಂತು ಮತ್ತೆ ಹೊರಟಿತು. ಮತ್ತೆ ಆ ದನಿ ಅಡ್ಡ ಬಂತು.

ಭಾವ ಹುಬ್ಬು ಗಂಟಿಕ್ಕಿದರು. ತಮ್ಮ ದನಿ ಯಂತ್ರದಿಂದ ಬರುವುದನ್ನು ಅವರು ಎಂದೂ ಕೇಳಿದವರಲ್ಲ. “ಎಷ್ಟು ಚೆನ್ನಾಗಿ ಓದ್ತಿದಾಳೆ! ಯಾರದು ಮಧ್ಯೆ ಮಧ್ಯೆ ಬಾಯಿ ಹಾಕ್ತಿರೋದು? ಇಂಥವ್ರನ್ನೆಲ್ಲ ಯಾಕೆ ಒಳಗೆ ಬಿಟ್ಕೊಂಡ್ರಿ?”

ಅದಕ್ಕೆ ಸ್ಪೀಕರೇ, ಬರೆದವನಿಗೆ ತಿಳಿವಳಿಕೆ ಇಲ್ಲ ಅಂದಿತು.

ಭಾವನ ಮುಖ ಬಿಳಿಚಿಕೊಂಡಿತು. ಕನ್ನಡಕ ತೆಗೆದರು, ಹಾಕಿಕೊಂಡರು. ಏಳೂ ಸಲದ್ದು ಮುಗಿಯುವವರೆಗೆ ತಲೆ ಎತ್ತಲಿಲ್ಲ. ಆಮೇಲೆ ಎದ್ದು, ಕುರ್ಚಿಯನ್ನು ಸದ್ದಾಗದಂತೆ ಎತ್ತಿಕೊಂಡು ಹೊರಗೆ ಹೋಗಿ, ಬಾಗಿಲು ಎಳೆದುಕೊಂಡರು. ಅಕ್ಕ ಮೊದಲ ಸಾಲಿನಿಂದ ಓದಲು ಶುರುಮಾಡಿದಳು. ಈ ಸಲ ಕೊನೆಯ ಸಾಲಿನವರೆಗೂ ಓದಿದಳು, ಒಂದು ಕಡೆಯೂ ತಡವರಿಸಲಿಲ್ಲ. ಐದಕ್ಕೆ ಇಪ್ಪತ್ತು ನಿಮಿಷ ಇರುವಾಗ ಕಳುಹಿಸಿ ಆಯಿತು. ಮುಂದಿನ ವಾರ ಗ್ರಂಥಾಲಯದವರು ಅವಳನ್ನು ಆರಿಸಿದ್ದೇವೆ ಎಂದು ಬರೆದರು, ಈಗ ಅವಳು ನಾಲ್ಕನೆಯ ಪುಸ್ತಕ ಓದುತ್ತಿದ್ದಾಳೆ.

ಆದರೆ ಆ ಶನಿವಾರ ಕಳುಹಿಸಿದ ಮೇಲೆ ನಾನು ಬಾಗಿಲು ತೆರೆದಾಗ ಭಾವ ಯಾರೂ ಒಳಗೆ ಹೋಗದಂತೆ ಕುರ್ಚಿಯನ್ನು ಬಾಗಿಲಿಗೆ ಒತ್ತಿಕೊಂಡೇ ಕೂತಿದ್ದರು. ಒಳಗೆ ಬಂದು ಅಕ್ಕನ ಮುಂದೆ ನಿಂತರು. ತೀರಾ ಸಣ್ಣ ದನಿಯಲ್ಲಿ ಕೇಳಿದರು, “ಮೂವತ್ತೊಂದು ವರ್ಷಾನೂ ನಾನು ಹೀಗೇನಾ?”

ಅಕ್ಕ ಮೈಕಿನ ವೈರು ಸುತ್ತಿಡುತ್ತಾ, ಸಿಟ್ಟಿಲ್ಲದೆ, ಇದ್ದದ್ದನ್ನು ಇದ್ದ ಹಾಗೆ ಹೇಳಿದಳು.

“ಇಲ್ಲ ಬಿಡ್ರಿ. ಇವತ್ತು ಸ್ವಲ್ಪ ಕಮ್ಮೀನೇ ಇತ್ತು.”