ನಮ್ಮ ಮನೆಯಲ್ಲಿ ಗರ್ದಿಧಾಸ್ತಿ ಎಂಬ ಮಾತು

ಗರ್ದಿಧಾಸ್ತಿ ಎಂಬ ಮಾತು ನಮ್ಮ ಮನೆಗೆ ಬಂದದ್ದು ಸಾವಿರದ ಒಂಬೈನೂರ ಮೂವತ್ತರ ಬೇಸಿಗೆಯಲ್ಲಿ. ಅದಕ್ಕೂ ಮೊದಲು ಸೋಲಾಪುರದ ನಮ್ಮ ಓಣಿಯಲ್ಲಿ ಗರ್ದಿ, ಜನರ ನೂಕುನುಗ್ಗಲು, ಅಂದರೆ ಒಳ್ಳೆಯದೇ ಆಗಿತ್ತು. ನಮ್ಮದು ಸೀರೆಯ ಅಂಗಡಿ. ಅಂಗಡಿಯಲ್ಲಿ ಗರ್ದಿ ಇದ್ದ ದಿನ ಮಾವನವರು ಊಟಕ್ಕೆ ತಡವಾಗಿ ಬಂದರೂ ನಗುತ್ತಾ ಬರುತ್ತಿದ್ದರು. ಮದುವೆಯಲ್ಲಿ ಗರ್ದಿ ಆಗದಿದ್ದರೆ ಬೀಗರಿಗೆ ಅವಮಾನ. ಗರ್ದಿಗೆ ಅಂಜುವವರೂ ಇರುತ್ತಾರೆ ಎಂದು ನಾವು ಯೋಚಿಸಿರಲಿಲ್ಲ. ಯೋಚಿಸದ್ದಕ್ಕೆ ಮಾತು ಎಲ್ಲಿಂದ ಬರಬೇಕು?

ನಾನು ಆ ಮನೆಯ ಹಿರಿಯ ಸೊಸೆ. ಆ ಮಾತು ಯಾರಿಗಾಗಿ ಬಂತೋ ಅವಳು ನನ್ನ ನೆಗೆಣ್ಣಿ, ಮೈದುನನ ಹೆಂಡತಿ. ಅಕ್ಕಲಕೋಟೆಯ ಆಚೆ ಕುರನೂರಿನ ಒಕ್ಕಲಿಗರ ಮನೆಯವಳು. ತಾಯಿ ಇರಲಿಲ್ಲ; ಅಣ್ಣನೂ ಸೋದರತ್ತೆಯೂ ಸಾಕಿದ್ದರು. ಬಂದ ಹೊಸತರಲ್ಲಿ ನಮ್ಮ ವಾಡೆಯ ಪಡಸಾಲೆಯಲ್ಲಿ ಎರಡು ಹೆಜ್ಜೆಗೆ ಒಂದು ಕಂಬ ನೋಡಿ ನಗುತ್ತಿದ್ದಳು. "ಇಲ್ಲಿ ಕೈ ಚಾಚಿ ಆಕಳಿಸಿದ್ರ ಒಬ್ಬರ ಮಾರಿಗಿ ಬಡೀತದಲ್ಲ ಅಕ್ಕಾ," ಅನ್ನುತ್ತಿದ್ದಳು. ಅದು ಅಂಜಿಕೆಯಲ್ಲ, ಹೊಲದಲ್ಲಿ ಬೆಳೆದವಳ ತಮಾಷೆ, ಚಾಷ್ಟಿ.

ಆ ಬೇಸಿಗೆಯಲ್ಲಿ ಸತ್ಯಾಗ್ರಹದ ಗದ್ದಲ, ಊರು ನೆಟ್ಟಗಿರಲಿಲ್ಲ. ಆದರೂ ಚೈತ್ರಗೌರಿಯ ಅರಿಶಿಣ ಕುಂಕುಮಕ್ಕೆ ಹೋಗದೆ ಇರುವ ಹಾಗಿಲ್ಲ. ನಾವಿಬ್ಬರೂ ನಮ್ಮ ಸಂಬಂಧಿಕರ ಮನೆಗೆ ಹೋಗಿ, ನೆನೆಸಿದ ಕಡಲೆಯನ್ನು ಉಡಿಯಲ್ಲಿ ಕಟ್ಟಿಕೊಂಡು ತಿರುಗಿ ಬರುತ್ತಿದ್ದೆವು. ಇನ್ನೂ ಬಿಸಿಲಿತ್ತು. ಚೌಕದ ಕಡೆಯಿಂದ ಜನ ಓಡಿ ಬಂದರು. ಪೊಲೀಸರ ಗೋಳಿ ಹಾರಿತು ಎಂದು ಕೂಗುತ್ತಿದ್ದರು. ಗೋಳಿಯ ಸದ್ದು ನಾನು ಕೇಳಲಿಲ್ಲ. ಕೇಳಿದೆ ಎಂದು ಹೇಳಲಾರೆ. ನಾನು ಕೇಳಿದ್ದು ಚಪ್ಪಲಿಗಳ ಸದ್ದು, ಆಮೇಲೆ ಅದೂ ನಿಂತು ಬರೀ ಉಸಿರಿನ ಸದ್ದು. ಓಣಿ ಕಿರಿದು. ಯಾರೋ ಒಬ್ಬ ಮುದುಕಿ ಬಾಗಿಲು ತೆರೆದು ನನ್ನ ರಟ್ಟೆ ಹಿಡಿದು ಒಳಕ್ಕೆ ಎಳೆದುಕೊಂಡಳು. ನೆಗೆಣ್ಣಿಯ ಕೈ ನನ್ನ ಕೈಯಲ್ಲಿತ್ತು. ಒಳಗೆ ಬಂದು ನೋಡಿದರೆ ಇರಲಿಲ್ಲ.

ಜನ ಸರಿದ ಮೇಲೆ ಹೊರಗೆ ಬಂದೆ. ಎದುರಿನ ಅಂಗಡಿಯ ಮುಚ್ಚಿದ ಹಲಗೆಗಳಿಗೆ ಬೆನ್ನು ಹಚ್ಚಿ ಅವಳು ನಿಂತಿದ್ದಳು. ಗಾಯ ಇರಲಿಲ್ಲ. ಒಂದು ಕಾಲುಂಗುರ ಚಪ್ಪಟೆಯಾಗಿ ಬೆರಳಿಗೆ ಅಂಟಿತ್ತು. ಕಡಲೆ ಓಣಿಯ ತುಂಬ ಚೆಲ್ಲಿತ್ತು. ಅವಳ ಕಾಲ ಹತ್ತಿರ ಒಬ್ಬ ಮನುಷ್ಯ ಬಿದ್ದಿದ್ದ. ಗಿರಣಿಯವನಿರಬೇಕು, ಕೂದಲಲ್ಲಿ ಹತ್ತಿಯ ತುಣುಕು ಇತ್ತು. ಅವನು ಏಳಲಿಲ್ಲ. ನಾನು ಅವಳನ್ನು ಎಳೆದುಕೊಂಡು ಮನೆಗೆ ಬಂದೆ.

ಅವನ ವಿಷಯ ಅವಳು ಮಾತಾಡಿದ್ದು ಒಮ್ಮೆ ಮಾತ್ರ, ನನ್ನ ಮುಂದೆ, ಅಕ್ಕಿ ಆರಿಸುತ್ತಾ. "ನನ್ನ ಕಾಲು ನೆಲದ ಮ್ಯಾಲ ಇರಲಿಲ್ಲ ಅಕ್ಕಾ. ಅವನ ಮ್ಯಾಲ ಇದ್ದೂವು. ಇಳೀಬೇಕಂದ್ರ ಮಂದಿ ಇಳ್ಯಾಕ ಬಿಡಲಿಲ್ಲ."

ಅಂದಿನಿಂದ ಅವಳು ಪೇಟೆಗೆ ಹೋಗಲಿಲ್ಲ. ಓಣಿಯ ನಳಕ್ಕೆ ಹೆಂಗಸರು ಕೊಡ ತಂದು ಸಾಲು ನಿಂತರೆ ಅವಳು ಹಿಂದೆ ಹಿಂದೆ ಸರಿಯುತ್ತಿದ್ದಳು. ಒಮ್ಮೆ ಕೊಡ ಅಲ್ಲೇ ಬಿಟ್ಟು ಓಡಿ ಬಂದಳು. ಪಕ್ಕದ ವಾಡೆಯ ಮರಾಠಿ ಹೆಂಗಸೊಬ್ಬರು ಆ ಕೊಡ ತಂದು ಕೊಟ್ಟು ನಮ್ಮ ಅತ್ತೆಗೆ ಹೇಳಿದರು: "ಅಹೋ, ತಿಲಾ ಗರ್ದೀಚೀ ಧಾಸ್ತೀ ಬಸಲೀ." ಅಂದರೆ, ಇವಳಿಗೆ ಗರ್ದಿಯ ಧಾಸ್ತಿ, ದಿಗಿಲು, ಕೂತಿದೆ. ನಮ್ಮ ಮನೆಯಲ್ಲಿ ಎರಡು ಮಾತು ಕೂಡಿ ಒಂದಾಯಿತು. ಮರಾಠಿಯದು ಅನ್ನುವುದೂ ಮರೆತುಹೋಯಿತು.

ನನಗೆ ಆ ಮಾತು ಸರಿಯೆನಿಸಿತು. ನಮ್ಮ ಅಂಜಿಕೆ ಬರುತ್ತದೆ, ಹೋಗುತ್ತದೆ. ಹಾವು ಕಂಡರೆ ಅಂಜಿಕೆ, ಹಾವು ಬಿಲಕ್ಕೆ ಹೋದರೆ ಮುಗಿಯಿತು. ಧಾಸ್ತಿ ಹಾಗಲ್ಲ, ಅದು ಕೂಡುತ್ತದೆ. ಒಮ್ಮೆ ಕೂತರೆ ಮನೆಯ ಒಬ್ಬರ ಹಾಗೆ ಇದ್ದುಬಿಡುತ್ತದೆ, ಎದುರಿಗೆ ಯಾರೂ ಇಲ್ಲದಾಗಲೂ.

ಆದರೆ ಮಾತು ಒಬ್ಬರ ಬಾಯಲ್ಲಿ ಒಂದು ರೀತಿ. ಮೈದುನನ ಬಾಯಲ್ಲಿ ಅದು ಚಾಷ್ಟಿಯಾಯಿತು. ಊಟಕ್ಕೆ ಕೂತು ಅತ್ತಿಗೆಯಾದ ನನಗೆ ಅನ್ನುತ್ತಿದ್ದ: "ವೈನಿ, ಇವತ್ತ ಅಂಗಡ್ಯಾಗ ಒಬ್ಬ ಗಿರಾಕಿ ಬರಲಿಲ್ಲರಿ. ನಮ್ಮಾಕಿ ಗರ್ದಿಧಾಸ್ತಿ ಪ್ಯಾಟಿಗೂ ಹತ್ತೈತಿ ಕಾಣಸ್ತೈತಿ." ತಾಟಿನಲ್ಲಿ ಒಂದೇ ಬದನೆಕಾಯಿ ಬಿದ್ದರೆ, ಬದನೆಕಾಯಿಗೂ ಗರ್ದಿಧಾಸ್ತಿ. ಅವಳೂ ಮೊದಲು ನಗುತ್ತಿದ್ದಳು. ಅತ್ತೆಯ ಬಾಯಲ್ಲಿ ಅದು ಮೈಗಳ್ಳತನದ ಹೆಸರು. "ನೀರಿಗಿ ಧಾಸ್ತಿ, ಪ್ಯಾಟಿಗಿ ಧಾಸ್ತಿ. ಉಣ್ಣಾಕ ಮಾತ್ರ ಎಲ್ಲಾರ ನಡಬರಕ ಕೂಡ್ತಾಳ." ಅದು ಸುಳ್ಳು. ಅವಳು ಎಲ್ಲರದಾದ ಮೇಲೆ ಬಾಗಿಲ ಹತ್ತಿರ ಕೂತು ಉಣ್ಣುತ್ತಿದ್ದಳು. ಆದರೂ ಅತ್ತೆ ಕೆಟ್ಟವರೆಂದು ನಾನು ಬರೆಯಲಾರೆ. ಕಾದ ಕಬ್ಬಿಣ ಅದ್ದಿದ ನೀರನ್ನು ಅಂಜಿಕೆ ಹೋಗಲೆಂದು ತಾವೇ ಕುಡಿಸಿದರು. ಅವಳ ಕೂದಲು ತಾವೇ ಬಾಚುತ್ತಿದ್ದರು.

ಎರಡು ವರ್ಷ ಹೀಗೇ ಹೋಯಿತು. ಅತ್ತೆ ಕೊನೆಗೆ ನನ್ನೆದುರು ಅಂದರು: "ಯಾಪಾರದ ಮನಿ ಇದು. ನಾಕ ಮಂದಿ ಬರಾವ್ರು, ಹೋಗಾವ್ರು. ಈಕೀನ್ನ ಕುರನೂರಿಗಿ ಕಳಿಸಿ ಅವಗ ಇನ್ನೊಂದ ಮಾಡಬೇಕಾಗತೈತಿ ನೋಡು." ಆ ಮಾತು ಅವಳ ಕಿವಿಗೂ ಬಿತ್ತು. ಅವಳು ಗಂಡನನ್ನೂ ಮನೆಯನ್ನೂ ಬಿಡಲು ಸಿದ್ಧಳಿರಲಿಲ್ಲ. ಅಷ್ಟರಲ್ಲಿ ಅವಳಿಗೆ ದಿನ ನಿಂತವು. ಅತ್ತೆ ಇನ್ನೊಂದು ಮದುವೆಯ ಮಾತು ಬಿಟ್ಟರು. ಕೂಸು ಬಂದರೆ ಎಲ್ಲಾ ನೆಟ್ಟಗಾಗುತ್ತದೆ ಅಂದರು. ಅವಳೂ ಹಾಗೆಯೇ ನಂಬಿದಳು. ಆ ಕೂಸಿನ ಮೇಲೆ ಅವಳ ಬಾಳು ನಿಂತಿತ್ತು.

ಏಳನೆಯ ತಿಂಗಳು ಕುಬಸ ಮಾಡಬೇಕು. ಹಸಿರು ಸೀರೆ ಉಡಿಸಿ, ಹಸಿರು ಬಳೆ ಇಡಿಸಿ, ಮುತ್ತೈದೆಯರು ಒಬ್ಬೊಬ್ಬರಾಗಿ ಉಡಿ ತುಂಬಿ ತುತ್ತು ಉಣಿಸುತ್ತಾರೆ. ಅವಳು ನನ್ನನ್ನು ಕರೆದು ಕೇಳಿದಳು: "ಐದ ಮಂದಿ ಸಾಕಂತ ಅತ್ತಿಗಿ ಹೇಳಕ್ಕಾ. ಮತ್ತ ಬಾಗಲಾ ತಗದಿಡ್ರಿ, ನಾ ಅಲ್ಲೇ ಬಾಜೂಕ ಕೂಡ್ತೀನಿ."

ನಾನು ಹೇಳಿದೆ. ಅತ್ತೆ ಸಿಟ್ಟಾಗಲಿಲ್ಲ, ನಕ್ಕರು. "ಹುಚ್ಚಿ, ಆಕೀಗಿ ಧಾಸ್ತಿ ಇರೂದು ರಸ್ತೇದಾಗಿನ ಮಂದೀದು. ನಮ್ಮ ಬಳಗ ಅಂದ್ರ ಗರ್ದಿ ಏನ? ಎಲ್ಲಾರೂ ಮುಟ್ಟಿ ತುತ್ತ ಹಾಕಿದ್ರ ಅದ ಬಿಟ್ಟ ಹೋಗತೈತಿ." ಅದರಲ್ಲಿ ಮೋಸವಿರಲಿಲ್ಲ. ನಮ್ಮವರ ಕೈ ತಾಗಿದರೆ ಪರರ ಅಂಜಿಕೆ ಇಳಿಯುತ್ತದೆ ಎಂದು ನಾವೆಲ್ಲ ನಂಬಿದ್ದೆವು. ಬಾಗಿಲ ಬಳಿ ಬಸುರಿಯನ್ನು ಕೂಡಿಸಬಾರದು ಎಂಬುದನ್ನೂ ನಂಬಿದ್ದೆವು.

ಓಣಿಯ ಹೆಂಗಸರೆಲ್ಲ ಬಂದರು. ಅವಳನ್ನು ಪಡಸಾಲೆಯ ಒಳತುದಿಯಲ್ಲಿ, ಗೋಡೆಗೆ ಬೆನ್ನಾಗಿ, ಮಣೆಯ ಮೇಲೆ ಕೂಡಿಸಿದರು. ದೀಪ ಹಚ್ಚಿದ ಮೇಲೆ ದೃಷ್ಟಿ ತಾಗಬಾರದೆಂದು ತಲೆಬಾಗಿಲು ಮುಚ್ಚಿದರು. ದೀಪದ ಹೊತ್ತಾಯಿತು, ಮನೆಗೆ ಹೋಗಬೇಕು ಎಂದು ಎಲ್ಲರಿಗೂ ಅವಸರ. ಒಬ್ಬೊಬ್ಬರಾಗಿ ಬರಬೇಕಾದವರು ಒಟ್ಟಿಗೇ ಬಾಗಿದರು. ತೆಂಗಿನಕಾಯಿ, ಗೋದಿ, ಅರಿಶಿಣದ ಕೈಗಳು. ಅವಳು ಏಳಲಿಲ್ಲ, ಅಳಲಿಲ್ಲ. ಎಲ್ಲರ ತುತ್ತಿಗೂ ಬಾಯಿ ತೆರೆದಳು. ನಾನು ನೋಡಿದ್ದು ಒಂದೇ: ಮಣೆಯ ಮೇಲಿದ್ದ ಕಾಲುಗಳನ್ನು ಅವಳು ನೆಲಕ್ಕೆ ಇಳಿಸಿ, ಹೆಬ್ಬೆರಳಿನಿಂದ ನೆಲ ಒತ್ತಿ ಒತ್ತಿ ನೋಡುತ್ತಿದ್ದಳು.

"ನೋಡಿದ್ರೇನ? ಹ್ವಾತು ಧಾಸ್ತಿ!" ಅಂದರು ಅತ್ತೆ. ಎಲ್ಲರೂ ಹೌದೆಂದರು. ಎಲ್ಲರೂ ಹೋದ ಮೇಲೆ ಅವಳು ಅಷ್ಟೂ ಅನ್ನ ಹಿತ್ತಲಲ್ಲಿ ವಾಂತಿ ಮಾಡಿದಳು. ಮರುದಿನದಿಂದ ನಾವು ಮೂವರು ಒಂದು ಕೋಣೆಯಲ್ಲಿ ಸೇರಿದರೆ ಅವಳು ಎದ್ದು ಹೋಗುತ್ತಿದ್ದಳು. ರಸ್ತೆಯಲ್ಲಿದ್ದ ಗರ್ದಿಯನ್ನು ನಾವು ಮನೆಯೊಳಗೆ ಕರೆದು ತಂದು ಬಾಗಿಲು ಹಾಕಿದ್ದೆವು.

ಹೆರಿಗೆಗೆ ಕುರನೂರಿಗೆ ಕಳಿಸಿದರು. ತಾಯಿ ಇಲ್ಲದವಳೆಂದು ಜೊತೆಗೆ ನನ್ನನ್ನೂ ಕಳಿಸಿದರು. ರೈಲಿನಲ್ಲಿ ಅವಳು ಕೂಡುವಂತಿರಲಿಲ್ಲ, ಅದಕ್ಕೆ ಅಣ್ಣನ ಚಕ್ಕಡಿಯಲ್ಲೇ ಹೋದೆವು. ಅಕ್ಕಲಕೋಟೆ ದಾಟಿ ಜೋಳದ ಹೊಲಗಳು ಬಂದಾಗ ಅವಳು ಕಾಲು ಚಾಚಿ ಮಲಗಿದಳು. "ಇಲ್ಲೇ ಹಡೀತೀನಿ ಅಕ್ಕಾ, ಬಯಲಾಗ," ಅಂದಳು. ಚಕ್ಕಡಿ ಹೊಡೆಯುತ್ತಿದ್ದ ಅಣ್ಣ ತಿರುಗಿ, "ಮರಿ ಹಾಕಾಕ ನೀ ಏನ ಕುರಿ ಅದೀಯೇನ?" ಅಂದ. ಮೂವರೂ ನಕ್ಕೆವು. ಅವಳು ನಕ್ಕದ್ದು ನಾನು ಕೊನೆಯ ಸಲ ಕೇಳಿದ್ದು ಅದೇ.

ಬೇನೆ ಹತ್ತಿದ್ದು ಬೆಳಿಗ್ಗೆ. ಗಂಡಸರು ಕಣಕ್ಕೆ, ರಾಶಿಗೆ ಹೋಗಿದ್ದರು. ಮಧ್ಯಾಹ್ನವಾದರೂ ಹೆರಿಗೆಯಾಗಲಿಲ್ಲ. ಆ ಸೀಮೆಯಲ್ಲಿ ಹೆರಿಗೆ ಕಟ್ಟಿದರೆ ಮನೆಯಲ್ಲಿ ಮುಚ್ಚಿದ್ದು, ಕಟ್ಟಿದ್ದು ಒಂದೂ ಇರಬಾರದು. ಸುದ್ದಿ ಕೇಳಿ ಊರ ಹೆಂಗಸರು ಬಂದರು. ಪೆಟ್ಟಿಗೆಯ ಕೀಲಿ ತೆಗೆದರು, ಕಾಳಿನ ಗಡಿಗೆಗಳ ಮುಚ್ಚಳ ತೆಗೆದರು, ದನಗಳ ಹಗ್ಗ ಬಿಚ್ಚಿದರು, ತಮ್ಮ ತುರುಬುಗಳನ್ನೂ ಬಿಚ್ಚಿದರು. ಆಮೇಲೆ ಒಬ್ಬೊಬ್ಬರೇ ಅವಳ ಕೋಣೆಗೆ ಬಂದು, ಕೂದಲು ಬಿಚ್ಚಿಕೊಂಡು, ಅವಳ ಸುತ್ತ ನಿಂತರು. ನಾನು ಹೊರಗೆ ಒಲೆಯ ಮುಂದಿದ್ದೆ. ಬಿಸಿನೀರಿಗೆಂದು ಸೂಲಗಿತ್ತಿ ಬಂದಳು. ಅವಳ ಹಿಂದೆಯೇ ಉಳಿದವರೂ ದಡದಡ ಹೊರಗೆ ಬಂದರು. "ದಬ್ಬಿದಳವ್ವಾ ನಮ್ಮನ್ನ! ಎಲ್ಲೈತಿ ಆ ಶಕ್ತಿ?" ಅಂದಳು ಒಬ್ಬಳು. ಒಳಗಿನಿಂದ ಅಗಳಿ ಬಿದ್ದ ಸದ್ದಾಯಿತು.

ಮನೆಯಲ್ಲಿ ಎಲ್ಲವೂ ತೆರೆದಿತ್ತು. ಅದೊಂದು ಬಾಗಿಲು ಮುಚ್ಚಿತ್ತು.

ಹೆಂಗಸರು ಬಡಿದರು. ಅವರ ಪ್ರಕಾರ ಮುಚ್ಚಿದ ಬಾಗಿಲೇ ಕೂಸನ್ನು ತಡೆಯುತ್ತಿತ್ತು. ಬಡಿದಷ್ಟೂ ಒಳಗೆ ಅವಳು ಏನನ್ನೋ ಎಳೆದು ಬಾಗಿಲಿಗೆ ಒಡ್ಡುವ ಸದ್ದು. ನಾನು ಅಂದೆ: "ಎಲ್ಲಾರೂ ಅಂಗಳಕ್ಕ ಹೋಗ್ರೆವ್ವಾ. ನೀವು ಹ್ವಾದ್ರ ತಗೀತಾಳ."

"ಹೆರಾಕಿ ಬಾಗಲಾ ಬಿಟ್ಟ ಹೋಗೂದ? ನೀ ಯಾ ಊರಾಕಿ ತಂಗಿ?" ಅಂದಳು ಒಬ್ಬ ಹಿರಿಯಳು.

"ಆಕೀಗಿ ಗರ್ದಿಧಾಸ್ತಿ ಐತ್ರಿ."

"ಏನದು? ಎಂಥಾ ದೆವ್ವ ಅದು?"

ಕುರನೂರಿನಲ್ಲಿ ಆ ಮಾತು ಯಾರಿಗೂ ಗೊತ್ತಿರಲಿಲ್ಲ. ನಾನು ಬಿಡಿಸಿ ಹೇಳಿದೆ: ಮಂದಿ ಕೂಡಿದರೆ ಅವಳಿಗೆ ಜೀವ ಹೋದ ಹಾಗೆ ಆಗುತ್ತದೆ. ಅವರು ನನ್ನ ಮುಖ ನೋಡಿದರು. "ನಾವ ಏನ ಮಂದಿ ಏನ? ಆಕೀನ್ನ ಎತ್ತಿ ಆಡಿಸಿದಾವ್ರು," ಅಂದು ಮತ್ತೆ ಬಡಿದರು. ನಮ್ಮ ಅತ್ತೆಯ ಮಾತೇ ಅದು, ಬೇರೆ ಊರಿನಲ್ಲಿ, ಬೇರೆ ಬಾಯಿಂದ.

ಕೊನೆಗೆ ನನ್ನ ಮಾತು ಕೇಳಿದ್ದು ಅವಳ ಸೋದರತ್ತೆ. ಮುದುಕಿ ಬಾಗಿಲಿಗೆ ಅಡ್ಡ ನಿಂತು, ಊರ ಹೆಂಗಸರ ಬೈಗಳೆಲ್ಲ ಕೇಳಿಸಿಕೊಂಡು, ಒಬ್ಬೊಬ್ಬರನ್ನೇ ಹೊರಗೆ ಕಳಿಸಿ, ಕೊನೆಗೆ ತಾನೂ ಹೋದಳು. ಸೂಲಗಿತ್ತಿಯೂ ಸಿಟ್ಟಾಗಿ ಅಂಗಳದಲ್ಲಿ ಕೂತಳು. ಎಷ್ಟು ಹೊತ್ತಾಯಿತೋ ನಾನು ಹೇಳಲಾರೆ. ಒಲೆಯ ಮೇಲಿನ ನೀರು ಆರಿತ್ತು.

ನಾನು ಬಾಗಿಲಿಗೆ ಬಾಯಿ ಹಚ್ಚಿ ಅವಳನ್ನು ಕರೆದೆ.

"ಎಷ್ಟ ಮಂದಿ ಅದೀರಿ?" ಎಂದು ಒಳಗಿನಿಂದ ಕೇಳಿದಳು.

"ನಾ ಒಬ್ಬಾಕೀನ ಅದೀನಿ."

"ಖರೇನ?"

"ಖರೇ."

ಅಗಳಿ ಸರಿಯಿತು. ಅವಳು ನೆಲದ ಮೇಲೆ ಕೂತೇ ಅದನ್ನು ಸರಿಸಿದ್ದಳು. ಕೂಸು ಅವಳ ಸೀರೆಯ ಸೆರಗಿನಲ್ಲಿತ್ತು. ಗಂಡು. ಹೊಕ್ಕುಳ ಬಳ್ಳಿ ಕೊರಳಿಗೆ ಸುತ್ತಿತ್ತು. ಬಿಡಿಸಲು ಗೊತ್ತಿರುವ ಕೈ ಅಂಗಳದಲ್ಲಿತ್ತು. ಅವಳು ಅಳುತ್ತಿರಲಿಲ್ಲ. "ಯಾರೂ ತುಳೀಲಿಲ್ಲ ಇದನ್ನ," ಅಂದಳು.

ನಾನೊಬ್ಬಳೇ ಸೋಲಾಪುರಕ್ಕೆ ಮರಳಿದೆ. ಇದ್ದದ್ದನ್ನು ಇದ್ದ ಹಾಗೆ ಅತ್ತೆಗೆ ಹೇಳಿದೆ.  ಅವರು, "ಗರ್ದಿಧಾಸ್ತಿ ನನ್ನ ಮೊಮ್ಮಗನ್ನ ತಿಂತು," ಅಂದರು. ಆ ಮನೆಯಲ್ಲಿ ನಾನು ಆ ಮಾತು ಕೇಳಿದ್ದು ಅದೇ ಕೊನೆ. ಮೈದುನನೂ ಮತ್ತೆ ಅದನ್ನು ಆಡಲಿಲ್ಲ. ಅವಳನ್ನು ಕರೆತರಲು ಯಾರೂ ಹೋಗಲಿಲ್ಲ. ಮುಂದಿನ ವರ್ಷ ಅವನಿಗೆ ಇನ್ನೊಂದು ಮದುವೆಯಾಯಿತು.

ಅವಳನ್ನು ಮತ್ತೆ ನೋಡಿದ್ದು ಒಮ್ಮೆ. ಅಕ್ಕಲಕೋಟೆಗೆ ಹೋದವಳು ಕುರನೂರಿಗೂ ಹೋದೆ. ಅಣ್ಣನ ಹೊಲದಲ್ಲಿ ಜೋಳ ಹಾಲುಗಾಳಾಗಿತ್ತು. ಹಕ್ಕಿ ಕಾಯಲು ಹಾಕಿದ ಅಟ್ಟದ ಮೇಲೆ ಅವಳು ಕವಣೆ ಹಿಡಿದು ನಿಂತಿದ್ದಳು. ಊರೊಳಗೆ ಬರುವುದಿಲ್ಲ, ಬುತ್ತಿ ಅಲ್ಲಿಗೇ ಹೋಗುತ್ತದೆ ಎಂದು ಅಣ್ಣ ಹೇಳಿದ. ನಾನು ಬದುವಿನ ಮೇಲೆ ನಿಂತು ಕೈ ಎತ್ತಿದೆ. ನನ್ನ ಹಿಂದೆ ಅಣ್ಣನ ಮಕ್ಕಳೂ ಬಂದಿದ್ದರು. ಅವಳು ನಮ್ಮನ್ನು ನೋಡಿದಳು, ಅಟ್ಟದಿಂದ ಇಳಿಯಲಿಲ್ಲ. ನಾನು ಮುಂದೆ ಹೋಗಲಿಲ್ಲ.

ಹೊಸ ಸೊಸೆಗೆ ಏಳು ತಿಂಗಳಾದಾಗ ನಮ್ಮ ಮನೆಯಲ್ಲಿ ಮತ್ತೆ ಕುಬಸವಾಯಿತು. ಅವಳು ಸೋಲಾಪುರದವಳೇ, ಪೇಟೆಯಲ್ಲಿ ಬೆಳೆದವಳು, ಯಾವ ಗರ್ದಿಗೂ ಅಂಜದವಳು. ಓಣಿಯೆಲ್ಲ ಬರಲಿ ಎಂದು ಅವಳಿಗೆ ಆಸೆಯಿತ್ತು. ಅತ್ತೆ ಐವರು ಮುತ್ತೈದೆಯರನ್ನು ಮಾತ್ರ ಕರೆದರು.  ಹೊಸಬಳ ಮುಖ ಸಣ್ಣದಾಯಿತು. ಮಣೆಯನ್ನು ಅತ್ತೆ ತಾವೇ ಎತ್ತಿ ತಂದು ತಲೆಬಾಗಿಲ ಬಳಿ ಹಾಕಿದರು. ಬಾಗಿಲು ತೆರೆದೇ ಇತ್ತು. ಬೀದಿಯ ಗಾಳಿಗೆ ಆರತಿಯ ದೀಪ ಆರಿತು. ಯಾರೋ ಎದ್ದು ಬಾಗಿಲಿಗೆ ಕೈ ಹಾಕಿದರು. "ಇರಲಿ ಬಿಡು," ಎಂದು ಅತ್ತೆ ಮತ್ತೆ ಕಡ್ಡಿ ಗೀರಿದರು. ದೀಪ ಮತ್ತೆ ಆರಿತು. ಅವರು ಮತ್ತೆ ಗೀರಿದರು.