ಗಂಗುಲಮ್ಮನ ಮಗ್ಗ ಪೆರೇಸಂದ್ರ ದಾಟಿದ್ದು

ಪೆರೇಸಂದ್ರವನ್ನು ದಾಟಲು ಬಸ್ಸಿಗೆ ಎರಡು ನಿಮಿಷ ಸಾಕು. ಗಂಗುಲಮ್ಮನಿಗೆ ಹನ್ನೊಂದು ವರ್ಷ ಹಿಡಿಯಿತು. ಅವಳು ಹೊರಟದ್ದು ಐವತ್ಮೂರರ ಸಂಕ್ರಾಂತಿಯ ಮಾರನೆಯ ದಿನ, ಊರಿನ ದಕ್ಷಿಣಕ್ಕಿದ್ದ ಹುಣಸೆಮರದ ಬುಡದಿಂದ.

ಅವಳು ಹಾಸಿನವರ ಪೈಕಿ. ಆ ಜನಕ್ಕೆ ಊರೆಂಬುದಿಲ್ಲ. ಕತ್ತೆಗಳ ಮೇಲೆ ಮಗ್ಗ ಹೇರಿಕೊಂಡು ಸೀಮೆ ಸುತ್ತುತ್ತ, ರಾಗಿಯ ಕಣ ಮುಗಿದ ಮೇಲೆ ವರ್ಷಕ್ಕೊಮ್ಮೆ ಬಂದು ಕಂಬಳಿ ಮಾರಿ ಹೋಗುತ್ತಿದ್ದರು. ಮಾರದೆ ಇಟ್ಟುಕೊಂಡದ್ದು ಒಂದೇ, ತಾಯಿಬಟ್ಟೆ. ತಂಗಿದ ಕಡೆಯಲ್ಲೆಲ್ಲ ನೇಯ್ದ ಗೇಣನ್ನು ಅದಕ್ಕೆ ಸೇರಿಸುತ್ತಾರೆ. ಅದರಲ್ಲಿ ಅವರ ಪ್ರತಿಯೊಬ್ಬರಿಗೂ ಒಂದು ಕೆಂಪು ಎಳೆ ಇರುತ್ತದೆ. ದಾರಿ ಇರುವುದು ನೆಲದ ಮೇಲಲ್ಲ, ಆ ಬಟ್ಟೆಯೊಳಗೆ. ತಾವು ನೇಯುತ್ತ ನಡೆಯುವುದರಿಂದಲೇ ಲೋಕದ ಮಂದಿ ಹೋಗಬೇಕೆಂದ ಊರನ್ನು ಹೋಗಿ ಸೇರುತ್ತಿದ್ದಾರೆ ಎಂದು ಅವರ ನಂಬಿಕೆ. ರಸ್ತೆ ಇಲಾಖೆಯವರಿಗೆ ಇದು ಗೊತ್ತಿತ್ತೋ ಇಲ್ಲವೋ, ನಾನು ಕಾಣೆ.

ಅವರದು ಒಂದು ಕಟ್ಟಳೆ. ಒಂಬತ್ತು ದಿನಕ್ಕಿಂತ ಹೆಚ್ಚು ಒಂದೇ ಜಾಗದಲ್ಲಿ ನಿಂತವರ ಎಳೆಯನ್ನು ಕಿತ್ತು ಹಾಕುತ್ತಾರೆ. ಆಮೇಲೆ ಅವರು ಹುಟ್ಟೇ ಇರಲಿಲ್ಲ ಅಂತ. ಹೊಟ್ಟೆಯಲ್ಲಿ ಹುಟ್ಟಿದ ಮಕ್ಕಳೂ ಹೆಸರೆತ್ತುವಂತಿಲ್ಲ.

ಆ ವರ್ಷ ಗಂಗುಲಮ್ಮ ಕತ್ತೆಯ ಮೇಲಿಂದ ಬಿದ್ದು ಸೊಂಟ ಮುರಿದುಕೊಂಡಳು. ಇನ್ನು ಕತ್ತೆ ಹತ್ತುವ ಹಾಗಿಲ್ಲ, ಕೋಲೂರಿ ನಾಲ್ಕು ಹೆಜ್ಜೆ ಇಟ್ಟರೆ ಅದೇ ಹೆಚ್ಚು ಎಂದರು ಮೂಳೆ ಕಟ್ಟುವವರು. ಹಾಸಿನವರ ಹಿರಿಯ ಕೋನಪ್ಪ ತಾಯಿಬಟ್ಟೆ ಬಿಚ್ಚಿ ಅವಳ ಎಳೆ ಹುಡುಕತೊಡಗಿದ. ಅವಳ ಹೆಣ್ಣುಮಕ್ಕಳಿಬ್ಬರೂ ಪಕ್ಕದಲ್ಲೇ ನಿಂತಿದ್ದರು.

"ತಡಿ ಕೋನಪ್ಪ, ನಾನೂ ನಡೀತೀನಿ. ಮೆಲ್ಲಗೆ," ಎಂದಳು ಗಂಗುಲಮ್ಮ.

"ಎಷ್ಟು ಮೆಲ್ಲಗೆ?"

"ಒಂಬತ್ತು ದಿನಕ್ಕೊಂದು ಮಾರು."

ಎಷ್ಟು ದೂರ ನಡೆಯಬೇಕೆಂದು ಕಟ್ಟಳೆಯಲ್ಲಿರಲಿಲ್ಲ. ಕೋನಪ್ಪ ಬಟ್ಟೆ ಸುತ್ತಿಟ್ಟ.

ನಾನು ನಗರಗೆರೆಯವಳು. ಐವತ್ತೇಳರಲ್ಲಿ ಪೆರೇಸಂದ್ರದ ವೆಂಕಟರಾಯಪ್ಪನವರ ಮನೆಗೆ ಸೊಸೆಯಾಗಿ ಬಂದೆ. ಬಂದ ಮೇಲೆ ಅಲ್ಲಿಂದ ಒಂದು ಮಾರು ಕದಲಲಿಲ್ಲ. ಅಷ್ಟರಲ್ಲಿ ಗಂಗುಲಮ್ಮನ ನಡಿಗೆ ಊರಿಗೆ ಹಳತಾಗಿತ್ತು. ಒಂಬತ್ತನೆಯ ದಿನ ಬೆಳಿಗ್ಗೆ ಯಾರಾದರೂ ಹೋಗಿ ಅವಳ ಮಗ್ಗದ ಗೂಟಗಳನ್ನೂ ಚಾಪೆಯ ಗುಡಿಸಲನ್ನೂ ಕಿತ್ತು, ಒಂದು ಮಾರು ಬಡಗಲಿಗೆ ನೆಟ್ಟುಕೊಡುವರು. ಅಲ್ಲಿ ಅವಳು ಗೇಣುದ್ದ ನೇಯುವಳು. ಸಂಕ್ರಾಂತಿಗೆ ಕೋನಪ್ಪ ಬಂದು ಅಳೆದು, ಆ ವರ್ಷದ್ದನ್ನು ಕೊಯ್ದುಕೊಂಡು, "ನಡೀತಾ ಅವಳೆ" ಎಂದು ಹೋಗುವನು. ಹೆಣ್ಣುಮಕ್ಕಳು ಎರಡು ದಿನ ಅಮ್ಮನ ಬಳಿ ಇದ್ದು ಹೋಗುವರು. ಆ ಎರಡು ದಿನಕ್ಕಾಗಿ ಮುದುಕಿ ವರ್ಷವೆಲ್ಲ ನಡೆಯುತ್ತಿದ್ದಳು.

ಅರವತ್ತರಲ್ಲಿ ಅವಳು ನಮ್ಮ ಕಣದೊಳಗೆ ಬಂದಳು. ಕಣ, ಹಿತ್ತಿಲು ಸೇರಿ ಇಪ್ಪತ್ತು ಮಾರು, ಆರು ತಿಂಗಳ ದಾರಿ. ಹೊತ್ತು ಹೋಗದೆ ನಾನು ಅವಳ ಮಗ್ಗದ ಮುಂದೆ ಕೂತು ಲಾಳಿ ಎಸೆಯುವುದನ್ನು ಕಲಿತೆ. "ನಿನ್ನ ಕೈ ಕೋಳಿ ಕೆದರಿದಂಗೈತಮ್ಮ. ಪೋನೀ, ಹೋಗ್ಲಿ ಬಿಡು, ಚಳಿಗಾದ್ರೂ ಆಗುತ್ತೆ," ಎನ್ನುತ್ತಿದ್ದಳು. ಹೆತ್ತವಳೂ ನನ್ನ ಪಕ್ಕ ಅಷ್ಟು ಹೊತ್ತು ಕೂತಿರಲಿಲ್ಲ. ಅವಳನ್ನು ಕಂಡರೆ ನನಗೆ ಪ್ರಾಣ.

ಹಿತ್ತಿಲ ಕೊನೆಗೆ ಗೋಡೆ ಬಂತು. ಮಾವನವರ ಅಪ್ಪ ಕಟ್ಟಿಸಿದ ಕಲ್ಲುಗೋಡೆ.

"ಸುತ್ತಿಕೊಂಡು ಹೋಗಮ್ಮ," ಎಂದರು ಮಾವ.

"ಹಾಸಿನ ಎಳೆ ಸುತ್ತಿ ಬಳಸಿ ಹೋಗಲ್ಲ ಸಾಮಿ. ನೆಟ್ಟಗೇ ಹೋಗಬೇಕು."

"ಹಂಗಾದ್ರೆ ಇಲ್ಲೇ ಇರು."

ಅವಳು ಎಂಟು ದಿನ ಗೋಡೆಯನ್ನು ನೋಡುತ್ತ ಕೂತಳು. ಒಂಬತ್ತನೆಯ ದಿನ ಗೌರಿಬಿದನೂರಿನ ಬಸ್ಸು ಹೊತ್ತಿಗೆ ಬರಲಿಲ್ಲ. ಮಧ್ಯಾಹ್ನ ಬಂದ ಡ್ರೈವರು, ಹುಣಸೆಮರವನ್ನು ಮೂರು ಸಲ ದಾಟಿದೆ, ಆದರೂ ಊರು ಸಿಗಲಿಲ್ಲ ಎಂದ. ಮಾವ ಅದನ್ನು ಕೇಳಿ, ಇದಕ್ಕೂ ಅದಕ್ಕೂ ಸಂಬಂಧವಿಲ್ಲ ಎಂದು ಊರಿಗೆಲ್ಲ ಹೇಳಿ, ಮನೆಗೆ ಬಂದು ಹಾರೆ ತೆಗೆದುಕೊಂಡರು. ಬೆಳಕಿರುವಾಗಲೇ ಗೋಡೆಯಲ್ಲಿ ಒಂದು ಮಗ್ಗ ಹಿಡಿಸುವಷ್ಟು ತೆರಪಾಯಿತು. ಅದನ್ನು ಆಮೇಲೂ ಮುಚ್ಚಿಸಲಿಲ್ಲ. ಎಮ್ಮೆಗೆ ಗಾಳಿ ಬರುತ್ತೆ ಎಂದರು.

ಅರವತ್ನಾಲ್ಕರ ಗೌರಿಹಬ್ಬ ಕಳೆದ ವಾರ, ಊರ ಕೊನೆಯ ಮನೆಯನ್ನು ಹಿಂದೆ ಹಾಕಿ, ಗಂಗುಲಮ್ಮ ನಮ್ಮ ಹುರುಳಿ ಹೊಲದಲ್ಲಿ ತೀರಿಕೊಂಡಳು. ಅದು ಎಂಟನೆಯ ದಿನ. ಅವಳ ಕಡೆಯವರು ಬರಲು ಇನ್ನೂ ನಾಲ್ಕು ತಿಂಗಳಿತ್ತು. ಹೆಣವನ್ನು ಅಲ್ಲಿಯ ತನಕ ಇಡಲಾಗುತ್ತದೆಯೇ? ಅಲ್ಲೇ ಮಣ್ಣು ಮಾಡಿದೆವು. ಆಮೇಲೆ ಎಲ್ಲರೂ ಆ ಮಗ್ಗವನ್ನು ನೋಡಿದೆವು. ಹಾಸಿನವರಲ್ಲಿ ಸತ್ತವರ ಎಳೆ ಉಳಿಯುತ್ತದೆ, ನಿಂತವರದು ಉಳಿಯುವುದಿಲ್ಲ. ನಾಲ್ಕು ತಿಂಗಳು ಒಂದೇ ಕಡೆ ನಿಂತ ಮಗ್ಗವನ್ನು ಕಂಡರೆ ಅವಳು ನಡೆಯುತ್ತ ಸತ್ತಳೆಂದುಕೊಂಡಾನೋ, ನಿಂತುಬಿಟ್ಟಳೆಂದುಕೊಂಡಾನೋ ಕೋನಪ್ಪ?

ಮಾರನೆಯ ದಿನ ಮಾವ ಏಳುವ ಮುಂಚೆಯೇ ಹೋಗಿಬರೋಣವೆಂದು ನಾನು ನಸುಕಿನಲ್ಲೇ ಹೊರಟೆ. ಹೋಗಿ ನೋಡಿದರೆ ಅವರು ಗೂಟ ಕೀಳುತ್ತಿದ್ದರು.

"ನೇಯೋಕೆ ಬರುತ್ತೇನಮ್ಮ ನಿಂಗೆ?" ಎಂದು ಕೇಳಿದರು.

"ಕೋಳಿ ಕೆದರಿದಂಗೆ ಬರುತ್ತೆ," ಎಂದೆ.

ಒಂಬತ್ತು ದಿನಕ್ಕೊಮ್ಮೆ ಅವರು ಗೂಟ ನೆಟ್ಟರು, ನಾನು ಗೇಣುದ್ದ ನೇಯ್ದೆ. ಹುರುಳಿ ಒಂದಿಷ್ಟು ಕಾಲ್ತುಳಿತಕ್ಕೆ ಹೋಯಿತು.

ಸಂಕ್ರಾಂತಿಗೆ ಕೋನಪ್ಪ ಬಂದ. ಗಂಗುಲಮ್ಮನ ಹೆಣ್ಣುಮಕ್ಕಳು ಸಮಾಧಿಯ ಮುಂದೆ ಕೂತು ಅತ್ತರು. ಕೋನಪ್ಪ ಅಳೆದು ನೋಡುವ ತನಕ ಹೆಸರು ಹೇಳಿ ಅಳಲು ಅಪ್ಪಣೆಯಿರಲಿಲ್ಲ, ಸುಮ್ಮನೆ ಅತ್ತರು. ಕೋನಪ್ಪ ಸಮಾಧಿಯಿಂದ ಮಗ್ಗದವರೆಗೆ ತೋಳು ಚಾಚಿ ಅಳೆದ. ಹದಿಮೂರು ಮಾರು. ಮಗ್ಗದ ಮೇಲಿನ ಬಟ್ಟೆಯ ಮೇಲೆ ಕೈಯಾಡಿಸುತ್ತ ಬಂದು, ನಾನು ನೇಯ್ದ ಕಡೆ ಕೈ ನಿಲ್ಲಿಸಿದ.

"ಇದು ಅವಳ ಕೈಯಲ್ಲ," ಎಂದ.

"ವಯಸ್ಸಾಗಿತ್ತಪ್ಪ, ಕೈ ನಡುಗ್ತಿತ್ತು," ಎಂದರು ಮಾವ. ಅವರು ಸುಳ್ಳು ಹೇಳಿದ್ದನ್ನು ನಾನು ಅದೊಂದೇ ಸಲ ಕೇಳಿದ್ದು.

ಕೋನಪ್ಪ ಅವರ ಕೈಯನ್ನು ನೋಡಿದ. ಗೂಟ ಬಡಿದು ಬಡಿದು ಅಂಗೈಯಲ್ಲಿ ಬೊಬ್ಬೆ ಎದ್ದಿತ್ತು. ಆಮೇಲೆ ನನ್ನ ಕೈಯನ್ನು ನೋಡಿದ. ನಾನು ಸೆರಗಿನಲ್ಲಿ ಮುಚ್ಚಿಕೊಂಡೆ.

ಅವನು ತಾಯಿಬಟ್ಟೆ ಬಿಚ್ಚಿ, ನನ್ನ ಕೆಟ್ಟ ನೇಯ್ಗೆಯ ಹದಿಮೂರು ಗೇಣನ್ನೂ ಸೇರಿಸಿ ಅದರ ಅಂಚಿಗೆ ಹೊಲಿದ. ಗಂಗುಲಮ್ಮನ ಕೆಂಪು ಎಳೆಯನ್ನು ಹುಡುಕಿ, ಅದರ ತುದಿಯನ್ನು ನನ್ನ ನೇಯ್ಗೆಗೆ ಗಂಟು ಹಾಕಿದ. ಹೆಣ್ಣುಮಕ್ಕಳ ಕಡೆ ತಿರುಗಿ, "ಹೆಸರು ಹೇಳಿ ಅಳ್ರಮ್ಮ," ಎಂದ. "ಸತ್ತ ಮೇಲೂ ಹದಿಮೂರು ಮಾರು ನಡೆದೋಳು ನಮ್ಮಲ್ಲಿ ಇವಳೊಬ್ಬಳೇ."