ನಿಂಗತ್ತೆ ಹೊಡೆದುಹಾಕಿದ ಹೆಸರು

ನಿಂಗತ್ತೆಯ ಕಥೆ ಎಷ್ಟು ಉದ್ದವಿರಬೇಕೆಂದು ಚಂದ್ರಿಕೆಗಳು ತೀರ್ಮಾನಿಸುತ್ತಿದ್ದವು. ಬೈರಾಪಟ್ಟಣದ ನಮ್ಮ ಮನೆಯಲ್ಲಿ ರೇಷ್ಮೆಗೂಡು ಬಲಿತ ದಿನ ಕೇರಿಯ ಹೆಂಗಸರೆಲ್ಲ ಹುಳು ಗೂಡು ಕಟ್ಟುವ ಬಿದಿರಿನ ಚಂದ್ರಿಕೆಗಳ ಸುತ್ತ ಗೂಡು ಬಿಡಿಸಲು ಕೂರುತ್ತಿದ್ದರು. ಹತ್ತು ಚಂದ್ರಿಕೆ ಇದ್ದರೆ ಕಥೆಯ ರಾಣಿ ಕಾಡಿಗೆ ಹೋಗಿ ಬರುತ್ತಿದ್ದಳು. ನಲವತ್ತಿದ್ದರೆ ಅಲ್ಲೇ ಎರಡು ಮಕ್ಕಳನ್ನೂ ಹೆತ್ತು ಬರುತ್ತಿದ್ದಳು. ಕೊನೆಯ ಗೂಡು ಕುಕ್ಕೆಗೆ ಬೀಳುವ ಹೊತ್ತಿಗೆ ಕಥೆಯೂ ಮುಗಿಯುತ್ತಿತ್ತು.

"ಬೇಗ ಮುಗ್ಸತ್ತೆ" ಎಂದರೆ, "ನೀನ್ ಒಸಿ ಕೈ ಆಡ್ಸು, ನನ್ ಬಾಯಿ ತಾನಾಗೇ ಹಿಂದೆ ಬತ್ತದೆ" ಎನ್ನುವಳು.

ಅವಳು ನಮ್ಮಪ್ಪನ ಅಕ್ಕ. ಅಕ್ಷರ ಬರದು. ನಮ್ಮ ಮನೆತನದಲ್ಲಿ ಡಿಗ್ರಿ ಮುಗಿಸಿದವಳು ನಾನೇ ಮೊದಲು. ಹೇಳಿಕೊಳ್ಳಲು ಸಂಕೋಚವೇನಿಲ್ಲ, ಮೂರು ವರ್ಷ ಚನ್ನಪಟ್ಟಣದ ಬಸ್ಸಿನಲ್ಲಿ ನಿಂತುಕೊಂಡೇ ಓಡಾಡಿ ಪಡೆದದ್ದು. ನಾನು ಟೀಚರ್ ಆದಮೇಲೆ ಅತ್ತೆ "ಮೇಡಮ್ಮೋರೆ, ಗೂಡು ಮುಟ್ಟುದ್ರೆ ಕೈ ಮೈಲಿಗೆಯಾದದಾ?" ಎಂದು ಕಿಚಾಯಿಸುತ್ತಿದ್ದಳು.

ಒಂದು ರೇಷ್ಮೆ ಬೆಳೆಯಲ್ಲಿ ಹೊಸ ಕಥೆ ಕಟ್ಟಿದಳು. ತನ್ನ ನೆರಳನ್ನು ಕಳೆದುಕೊಂಡು ಊರೂರು ಹುಡುಕುವ ಕುಂಬಾರಗಿತ್ತಿಯದು. ಕೆಮ್ಮು ಹೆಚ್ಚಾಗಿ ಅರ್ಧಕ್ಕೇ ಎದ್ದು ಹೋದಳು. ಆಮೇಲೆ ಕೇಳಿದರೆ, "ಕೈಲಿ ಗೂಡಿಲ್ದೆ ನಂಗ್ ಬಾಯೇ ಬರಲ್ಲ ಮಗ. ಮುಂದಿನ್ ಬೆಳೇಲಿ ಹೇಳ್ತೀನಿ" ಎಂದಳು.

ಶಾಲೆಯ ಸಂಚಿಕೆಗೆ ಆ ಕಥೆ ಕೊಡುತ್ತೇನೆಂದು ಒಪ್ಪಿಬಿಟ್ಟಿದ್ದೆ. ದಿನ ಮೀರುತ್ತಿತ್ತು. ಫೋನಿನಲ್ಲಿ ಎಐಗೆ ಅರ್ಧ ಕಥೆ ಹಾಕಿ, ಉಳಿದದ್ದು ಬರೆ ಎಂದೆ. ಒಲೆ ಮೇಲಿನ ಹಾಲು ಉಕ್ಕುವ ಮೊದಲೇ ಬರೆದಿತ್ತು. ಕೆಳಗೆ ಅತ್ತೆಯ ಹೆಸರು ಹಾಕಿ ಕೊಟ್ಟೆ.

ಅಚ್ಚಾದ ಮೇಲೆ ಊರಲ್ಲಿ ನಾಲ್ಕು ಜನ ಅವಳನ್ನು ಹೊಗಳಿದರು. ಅತ್ತೆ ಪುಸ್ತಕ ಹಿಡಿದುಕೊಂಡು ಬಂದು ಜಗಲಿಯಲ್ಲಿ ಕೂತಳು. "ನಾನ್ ಅದೇನ್ ಹೇಳಿದ್ದೀನೋ ಓದವ್ವ, ಕೇಳನ."

ಓದಿದೆ. ನೆರಳು ತನ್ನೊಳಗೇ ಇತ್ತೆಂದು ಕುಂಬಾರಗಿತ್ತಿಗೆ ಅರ್ಥವಾಯಿತು ಎಂಬಲ್ಲಿಗೆ ಮುಗಿಯಿತು.

"ನೆರಳು ಒಳ್ಗಡೆ ಹೆಂಗಿದ್ದದು ಮಗ? ಅಲ್ಲಿ ಬಿಸ್ಲು ಬಿದ್ದದಾ?"

ನಿಜ ಹೇಳಿದೆ. "ಎಐ ಅಂತ ಅತ್ತೆ, ಫೋನಲ್ಲೈತೆ. ಕತೆ ಕೇಳುದ್ರೆ ಹೇಳ್ತದೆ."

"ಯಾರ್ ಕೇಳುದ್ರೂವಾ?"

"ಯಾರ್ ಕೇಳುದ್ರೂ."

"ಒಳ್ಳೇದೇ ಬುಡು. ಪಾಪ, ಗೇದಿದ್ದು ಅದು, ಹೆಸ್ರು ನಂದು. ಬೇಜಾರ್ ಮಾಡ್ಕಳಕಿಲ್ವಾ?"

ನಾನು ನಕ್ಕೆ. ಅವಳು ನಗಲಿಲ್ಲ.

"ನನ್ ಹೆಸ್ರು ಎಲ್ಲೈತೆ, ತೋರ್ಸು."

ಬೆರಳಿಟ್ಟು ತೋರಿಸಿದೆ. ನನ್ನ ಪೆನ್ನು ಇಸಕೊಂಡು, ಕಾಗದ ಹರಿಯುವಂತೆ ಒತ್ತಿ ಅದರ ಮೇಲೆ ಗೆರೆ ಎಳೆದಳು. "ನಾನಾಡ್ದೆ ಇರೋ ಮಾತ್ಗೆ ನನ್ ಹೆಸ್ರು ಬ್ಯಾಡ ಕಣವ್ವ."



ಮುಂದಿನ ಬೆಳೆಗೆ ಅವಳು ಇರಲಿಲ್ಲ. ಆ ಸಲ ನಾವೆಲ್ಲ ಸುಮ್ಮನೆ ಗೂಡು ಬಿಡಿಸಿದೆವು. ಕೆಲಸ ಯಾಕೋ ಸಾಗಲೇ ಇಲ್ಲ.

ಈಗ ಅವಳ ಕಥೆಗಳನ್ನೆಲ್ಲ ಸೇರಿಸಿ ಪುಸ್ತಕ ಮಾಡುತ್ತಿದ್ದೇನೆ. ಅಚ್ಚು ಹಾಕುವವರು, "ಕುಂಬಾರಗಿತ್ತಿ ಕಥೆ ಅರ್ಧಕ್ಕೇ ನಿಂತಿದೆಯಲ್ಲ ಮೇಡಂ, ಎಐಗೆ ಕೊಟ್ಟರೆ ಎರಡು ನಿಮಿಷದ ಕೆಲಸ" ಎಂದರು. ಅಷ್ಟೇ ಇರಲಿ ಎಂದೆ. ಕುಂಬಾರಗಿತ್ತಿ ಗೊತ್ತಿಲ್ಲದ ಊರಿನಲ್ಲಿ ಒಂದು ಬಾಗಿಲು ತಟ್ಟುತ್ತಾಳೆ. ಒಳಗಿನಿಂದ ಯಾರೋ "ಯಾರವ್ವಾ ಅದು?" ಎನ್ನುತ್ತಾರೆ. ಅತ್ತೆ ಹೇಳಿದ್ದು ಅಲ್ಲಿಯವರೆಗೆ. ಅದರ ಕೆಳಗೆ ಅವಳ ಹೆಸರು ಹಾಕಿದ್ದೇನೆ.